ನಕ್ಷತ್ರ ಹಿಡಿಯುವ ಯಂತ್ರ: ಮುಹೂರ್ತಕ್ಕೂ ಅದೇ, ವಿಜ್ಞಾನಕ್ಕೂ ಅದೇ

ಮದುವೆಯ ಕರೆಯೋಲೆ ಕೈಗೆ ಬಂದರೆ ನಾವೆಲ್ಲ ಮೊದಲು ನೋಡೋದು ತಾರೀಖು, ಆಮೇಲೆ ಛತ್ರ ಎಲ್ಲಿ ಅಂತ. ನಡುವೆ ಒಂದು ಸಾಲು ಇರುತ್ತದೆ, 'ಬೆಳಿಗ್ಗೆ 10.15ರಿಂದ 11ರೊಳಗೆ ಸಲ್ಲುವ ಶುಭ ಮಿಥುನ ಲಗ್ನದಲ್ಲಿ' ಅಂತೇನೋ. ಅದನ್ನು ಊಟದ ಹೊತ್ತಿಗೆ ಮುಂಚೆ ಎಷ್ಟು ಬೇಗ ತಲುಪಬೇಕು ಅನ್ನುವ ಅಂದಾಜಿಗಷ್ಟೇ ಓದುತ್ತೇವೆ. ಆದರೆ ಆ ಕಾಗದಕ್ಕೆ ನಾವು ಇಟ್ಟಿರುವ ಹೆಸರೇ ಲಗ್ನಪತ್ರಿಕೆ. ಉತ್ತರ ಕರ್ನಾಟಕದಲ್ಲಂತೂ ಮದುವೆಗೇ ಲಗ್ನ ಅಂತಾರೆ. ಹಾಗಾದರೆ ಈ ಲಗ್ನ ಅಂದರೆ ಏನು?

ಇದು ನಂಬಿಕೆಯ ಮಾತಾಗುವುದಕ್ಕೆ ಮೊದಲು ಒಂದು ಅಳತೆ. ಸೂರ್ಯ ವರ್ಷವಿಡೀ ಆಕಾಶದಲ್ಲಿ ಸಾಗುವ ದಾರಿಯನ್ನು ಹನ್ನೆರಡು ರಾಶಿಗಳಾಗಿ ಹಂಚಿದ್ದಾರೆ. ಭೂಮಿ ತಿರುಗುವುದರಿಂದ ಆ ದಾರಿಯೂ ನಕ್ಷತ್ರಗಳ ಜೊತೆ ಪೂರ್ವದಲ್ಲಿ ಮೇಲೇಳುತ್ತಾ ಇರುತ್ತದೆ. ಒಂದು ಗಳಿಗೆಯಲ್ಲಿ, ಒಂದು ಊರಿನಲ್ಲಿ ನಿಂತು ನೋಡಿದರೆ, ಪೂರ್ವದ ದಿಗಂತಕ್ಕೆ ಯಾವ ರಾಶಿ 'ಲಗ್ನ'ವಾಗಿದೆಯೋ, ಅಂದರೆ ತಾಗಿಕೊಂಡಿದೆಯೋ, ಅದೇ ಆ ಹೊತ್ತಿನ ಲಗ್ನ. ಇಪ್ಪತ್ತನಾಲ್ಕು ಗಂಟೆಗೆ ಹನ್ನೆರಡು ಲಗ್ನ, ಸರಾಸರಿ ಎರಡೆರಡು ಗಂಟೆ.

ಈಗ ಪ್ರಶ್ನೆ ಇರೋದು ಇಲ್ಲಿ. ಗಡಿಯಾರ ಇಲ್ಲದ ಕಾಲದಲ್ಲಿ, ಬೆಳಗಿನ ಜಾವದ ಮೂರು ಗಂಟೆಗೆ, ಪೂರ್ವದಲ್ಲಿ ಮಿಥುನ ಇದೆಯೋ ಕಟಕ ಇದೆಯೋ ಅಂತ ಪುರೋಹಿತರು ಹೇಗೆ ಹೇಳುತ್ತಿದ್ದರು? ಒಂದು ಸಾಧನ ನಮ್ಮ ಹಿರಿಯರಿಗೆ ಗೊತ್ತಿದ್ದದ್ದೇ: ಗಳಿಗೆ ಬಟ್ಟಲು. ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟರೆ ಅದು ತುಂಬಿ ಮುಳುಗುವುದಕ್ಕೆ ಒಂದು ಗಳಿಗೆ, ಅಂದರೆ 24 ನಿಮಿಷ. ಆದರೆ ಬಟ್ಟಲು ಕಳೆದ ಹೊತ್ತನ್ನು ಎಣಿಸುತ್ತದೆ ಅಷ್ಟೆ. ಎಣಿಕೆ ಎಲ್ಲಿಂದ ಶುರು ಮಾಡಬೇಕು ಅನ್ನೋದು ಅದಕ್ಕೆ ಗೊತ್ತಿಲ್ಲ. ಅದನ್ನು ಆಕಾಶವೇ ಹೇಳಬೇಕು. ಆಕಾಶದಿಂದ ಆ ಉತ್ತರ ಪಡೆಯುವುದಕ್ಕೆ ಇನ್ನೊಂದು ಯಂತ್ರ ಇತ್ತು.

ಕಥೆಗಳಲ್ಲಿ, ಸಿನಿಮಾಗಳಲ್ಲಿ, ಮಕ್ಕಳು ಆಡುವ ವಿಡಿಯೋ ಗೇಮ್‌ಗಳಲ್ಲಿ ನಕ್ಷತ್ರದ ಬೆಳಕು ಹಿಡಿದು ಗುಟ್ಟು ಹೇಳುವ ಹಿತ್ತಾಳೆಯ ಮಾಯಾಯಂತ್ರ ಬರುತ್ತದಲ್ಲ, ಅದರ ಅಸಲಿ ಅಜ್ಜ ಇದು. ಗ್ರೀಕರು ಇಟ್ಟ ಹೆಸರು ಆಸ್ಟ್ರೋಲೇಬ್. 'ನಕ್ಷತ್ರ ಹಿಡಿಯುವುದು' ಅನ್ನೋದೇ ಅದರ ಅರ್ಥ. ನಮ್ಮವರು ಅದನ್ನು ಕಂಡಾಗ ಇನ್ನೂ ದೊಡ್ಡ ಹೆಸರು ಕೊಟ್ಟರು: ಯಂತ್ರರಾಜ.

ತಾಯಿ, ತಟ್ಟೆ, ಜೇಡ

ಅಂಗೈಗಿಂತ ಸ್ವಲ್ಪ ದೊಡ್ಡದಾದ, ದಪ್ಪ ಹಿತ್ತಾಳೆಯ ಬಿಲ್ಲೆಯನ್ನು ಕಲ್ಪಿಸಿಕೊಳ್ಳಿ. ಮೇಲೆ ತೂಗುಹಾಕಲು ಒಂದು ಉಂಗುರ. ಬಿಲ್ಲೆಯ ಅಂಚು ಎತ್ತರವಾಗಿದ್ದು, ನಡುವೆ ಊಟದ ತಟ್ಟೆಯ ಹಾಗೆ ತಗ್ಗು ಇರುತ್ತದೆ. ಈ ಭಾಗಕ್ಕೆ ಅರಬ್ಬಿಯಲ್ಲೂ ಲ್ಯಾಟಿನ್‌ನಲ್ಲೂ ಒಂದೇ ಅರ್ಥದ ಹೆಸರು: ತಾಯಿ.

ತಾಯಿಯ ಮಡಿಲಲ್ಲಿ ತೆಳು ತಟ್ಟೆಗಳು ಕೂರುತ್ತವೆ. ಒಂದೊಂದು ತಟ್ಟೆಯೂ ಒಂದೊಂದು ಅಕ್ಷಾಂಶಕ್ಕೆ ಕೊರೆದದ್ದು. ಅದರ ಮೇಲೆ ಆ ಊರಿನ ದಿಗಂತ, ದಿಗಂತದಿಂದ ನೆತ್ತಿಯವರೆಗಿನ ಎತ್ತರದ ವೃತ್ತಗಳು ಎಲ್ಲವೂ ಗೀಚಿರುತ್ತವೆ. ದೆಹಲಿಯ ತಟ್ಟೆ ದಕ್ಷಿಣದ ಊರಿಗೆ ಆಗುವುದಿಲ್ಲ. ಊರು ಬದಲಾದರೆ ತಟ್ಟೆ ಬದಲಿಸಬೇಕು. ಈ ಮಾತನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ತಟ್ಟೆಯ ಮೇಲೆ ಕೂರುವುದು ಜಾಲರಿ. ಅರಬ್ಬಿಯಲ್ಲಿ ಇದಕ್ಕೆ 'ಜೇಡ' ಅಂತ ಹೆಸರು. ಇದು ನಕ್ಷತ್ರಗಳ ನಕ್ಷೆ. ಕೆಳಗಿನ ತಟ್ಟೆ ಕಾಣಲಿ ಅಂತ ಬೇಡವಾದ ಲೋಹವನ್ನೆಲ್ಲ ಕತ್ತರಿಸಿ ತೆಗೆದು, ಬಳ್ಳಿಯ ಹಾಗೆ, ಎಲೆಯ ಹಾಗೆ ಉಳಿಸಿರುತ್ತಾರೆ. ಒಂದೊಂದು ಎಲೆಯ ತುದಿಯೂ ಒಂದು ನಕ್ಷತ್ರ. ರೋಹಿಣಿ, ಮಘಾ, ಚಿತ್ರಾ, ಸ್ವಾತಿ, ಅಭಿಜಿತ್, ಶ್ರವಣ ಹೀಗೆ. ಜೊತೆಗೆ ಹನ್ನೆರಡು ರಾಶಿಗಳ ಒಂದು ಬಳೆ. ಈ ಜಾಲರಿ ತಟ್ಟೆಯ ಮೇಲೆ ತಿರುಗುತ್ತದೆ. ಅದು ಒಂದು ಸುತ್ತು ಬಂದರೆ ಆಕಾಶ ಒಂದು ದಿನ ತಿರುಗಿದ ಹಾಗೆ.

ಬೆನ್ನಿನ ಕಡೆ ಡಿಗ್ರಿಗಳ ಅಳತೆ, ಮತ್ತು ಎರಡೂ ತುದಿಯಲ್ಲಿ ಸಣ್ಣ ಕಿಂಡಿಯಿರುವ ತಿರುಗುವ ಪಟ್ಟಿ. ಅಷ್ಟೇ ಯಂತ್ರ. ಇದರಲ್ಲಿ ಸ್ಪ್ರಿಂಗ್ ಇಲ್ಲ, ಹಲ್ಲುಚಕ್ರ ಇಲ್ಲ, ಕೀಲಿ ಕೊಡುವ ಕೆಲಸ ಇಲ್ಲ. ಇದು ಓಡುವುದಿಲ್ಲ, ಲೆಕ್ಕ ಮಾಡುತ್ತದೆ. ನಮ್ಮಂಥ ಸಾಫ್ಟ್‌ವೇರ್ ಕೆಲಸದವರ ಭಾಷೆಯಲ್ಲಿ ಹೇಳೋದಾದರೆ ತ್ರಿಕೋನಮಿತಿಯ ಒಂದು ದೊಡ್ಡ ಪ್ರೋಗ್ರಾಮನ್ನು ಹಿತ್ತಾಳೆಯಲ್ಲಿ ಕೊರೆದು ಇಟ್ಟಿದ್ದಾರೆ. ಇನ್‌ಪುಟ್ ಒಂದೇ, ಒಂದು ನಕ್ಷತ್ರದ ಬೆಳಕು.

ಬೆಳಕು ಒಳಗೆ, ಹೊತ್ತು ಹೊರಗೆ

ಮೇ ತಿಂಗಳ ಒಂದು ರಾತ್ರಿ ಅಂದುಕೊಳ್ಳಿ. ಪೂರ್ವದ ಕಡೆ ಕಿತ್ತಳೆ ಬಣ್ಣದಲ್ಲಿ ಹೊಳೆಯುವ ಸ್ವಾತಿ ಇದೆ. ಯಂತ್ರವನ್ನು ಉಂಗುರದಿಂದ ತೂಗುಬಿಟ್ಟು ಹಿಡಿಯಬೇಕು, ತನ್ನ ಭಾರಕ್ಕೇ ಅದು ನೇರ ನಿಲ್ಲುತ್ತದೆ. ಬೆನ್ನಿನ ಪಟ್ಟಿಯನ್ನು ತಿರುಗಿಸುತ್ತಾ ಎರಡೂ ಕಿಂಡಿಗಳ ಮೂಲಕ ಸ್ವಾತಿ ಕಾಣುವಂತೆ ಮಾಡಬೇಕು. ಪಟ್ಟಿಯ ತುದಿ ಎಷ್ಟು ಡಿಗ್ರಿ ತೋರಿಸುತ್ತದೆಯೋ ಅದು ಸ್ವಾತಿಯ ಎತ್ತರ. 35 ಡಿಗ್ರಿ ಬಂತು ಅನ್ನೋಣ.

ಈಗ ಯಂತ್ರವನ್ನು ಮುಂದಕ್ಕೆ ತಿರುಗಿಸಿ. ಜಾಲರಿಯಲ್ಲಿ ಸ್ವಾತಿಯ ಎಲೆಯ ತುದಿ ಪೂರ್ವದ ಕಡೆಯ 35 ಡಿಗ್ರಿ ವೃತ್ತದ ಮೇಲೆ ಬರುವವರೆಗೆ ತಿರುಗಿಸಿ ನಿಲ್ಲಿಸಿ. ಒಂದು ನಕ್ಷತ್ರವನ್ನು ಅದರ ಜಾಗದಲ್ಲಿ ಕೂರಿಸಿದರೆ ಸಾಕು, ಮಿಕ್ಕ ಇಡೀ ಆಕಾಶ ತಾನಾಗಿ ಕೂರುತ್ತದೆ. ಯಾವ ನಕ್ಷತ್ರ ಹುಟ್ಟುತ್ತಿದೆ, ಯಾವುದು ಮುಳುಗುತ್ತಿದೆ, ಎಲ್ಲ ಕಾಣುತ್ತದೆ. ರಾಶಿಗಳ ಬಳೆಯ ಮೇಲೆ ಇವತ್ತಿನ ಸೂರ್ಯನ ಜಾಗ ಗುರುತಿಸಿ, ಅದರಿಂದ ಅಂಚಿನ ಅಳತೆಯನ್ನು ಓದಿದರೆ ಗಂಟೆ ಸಿಗುತ್ತದೆ. ಅದೇ ಬಳೆ ಪೂರ್ವದ ದಿಗಂತವನ್ನು ಎಲ್ಲಿ ಕತ್ತರಿಸುತ್ತದೆ ನೋಡಿದರೆ ಲಗ್ನ ಸಿಗುತ್ತದೆ.

ಗಮನಿಸಿ, ಖಗೋಳ ವಿಜ್ಞಾನಿಗೆ ಬೇಕಾದ ಗಂಟೆ ಮತ್ತು ಜೋಯಿಸರಿಗೆ ಬೇಕಾದ ಲಗ್ನ ಎರಡೂ ಒಂದೇ ಸಲ, ಒಂದೇ ತಿರುವಿಗೆ ಹೊರಬರುತ್ತವೆ. ಎರಡಕ್ಕೂ ಬೇರೆ ಬೇರೆ ಯಂತ್ರ ಬೇಕಾಗಿರಲಿಲ್ಲ, ಯಾಕೆಂದರೆ ಇಬ್ಬರೂ ಕೇಳುತ್ತಿದ್ದದ್ದು ಒಂದೇ ಪ್ರಶ್ನೆ: ನಾನು ನಿಂತಿರುವ ಈ ಜಾಗದಲ್ಲಿ, ಈ ಕ್ಷಣ, ಆಕಾಶ ಹೇಗಿದೆ?

ಕೈಯಲ್ಲಿ ಹಿಡಿಯುವ ಯಂತ್ರದಲ್ಲಿ ಒಂದು ಡಿಗ್ರಿ ಹೆಚ್ಚುಕಮ್ಮಿ ಆಗೋದು ಸಹಜ. ಆಕಾಶ ನಾಲ್ಕು ನಿಮಿಷಕ್ಕೆ ಒಂದು ಡಿಗ್ರಿ ತಿರುಗುತ್ತದೆ. ಅಂದರೆ ತಪ್ಪಿದರೂ ಕೆಲವೇ ನಿಮಿಷ. ಮುಹೂರ್ತಕ್ಕೆ ಅಷ್ಟು ಸಾಕು.

ದೆಹಲಿ, ಡಮಾಸ್ಕಸ್, ಇಂಗ್ಲೆಂಡ್

ಈ ಯಂತ್ರದ ಬಗ್ಗೆ ಸಂಸ್ಕೃತದಲ್ಲಿ ಮೊದಲ ಗ್ರಂಥ ಬರೆದವರು ಒಬ್ಬ ಜೈನ ಮುನಿ, ಮಹೇಂದ್ರ ಸೂರಿ. ಬರೆದದ್ದು 1370ರಲ್ಲಿ, ದೆಹಲಿಯ ಸುಲ್ತಾನ ಫಿರೋಜ್ ಷಾ ತುಘಲಕನ ಆಶ್ರಯದಲ್ಲಿ. ಮೂಲ ಗ್ರೀಕರದ್ದು, ಬೆಳೆಸಿದ್ದು ಅರಬ್ಬರು ಮತ್ತು ಪರ್ಷಿಯನ್ನರು, ಬರೆಸಿದ್ದು ಮುಸ್ಲಿಂ ಸುಲ್ತಾನ, ಸಂಸ್ಕೃತಕ್ಕೆ ತಂದದ್ದು ಜೈನ ಮುನಿ. 'ಯಂತ್ರರಾಜ' ಅನ್ನುವ ಹೆಸರು ಹುಟ್ಟಿದ್ದೇ ಅಲ್ಲಿ. ಜಾಲರಿಗೆ ಬೇಕಾದ 32 ನಕ್ಷತ್ರಗಳ ಪಟ್ಟಿಯನ್ನೂ ಅವರು ಕೊಟ್ಟರು.

ಹೆಚ್ಚುಕಡಿಮೆ ಅದೇ ಹೊತ್ತಿಗೆ, 1371-72ರಲ್ಲಿ, ಡಮಾಸ್ಕಸ್‌ನ ಉಮಯ್ಯದ್ ಮಸೀದಿಯ ಮಿನಾರಿನ ಮೇಲೆ ಇಬ್ನ್ ಅಲ್-ಶಾತಿರ್ ಎಂಬ ಖಗೋಳಜ್ಞ ಒಂದು ದೊಡ್ಡ ನೆರಳು ಗಡಿಯಾರ ಕೂರಿಸಿದರು. ಮಸೀದಿಯಲ್ಲಿ ಅವರ ಹುದ್ದೆಯೇ ಕಾಲಪಾಲಕನದ್ದು. ಐದು ಹೊತ್ತಿನ ನಮಾಜಿನ ವೇಳೆಯೂ ಆಕಾಶದ ಮೇಲೇ ನಿಂತಿದೆ. ಬೆಳಕು ಹರಿಯುವ ಮೊದಲ ಹೊತ್ತು, ಸೂರ್ಯ ನೆತ್ತಿ ದಾಟಿದ ಹೊತ್ತು, ನೆರಳು ಇಂತಿಷ್ಟು ಉದ್ದವಾದ ಹೊತ್ತು, ಸೂರ್ಯಾಸ್ತ, ಸಂಜೆಗೆಂಪು ಪೂರ್ತಿ ಆರಿದ ಹೊತ್ತು. ಅದನ್ನು ಸರಿಯಾಗಿ ಹೇಳುವುದೇ ಅವರ ಕೆಲಸ. ಇದೇ ಮನುಷ್ಯ ಚಂದ್ರನ ಚಲನೆಗೆ ಕೊಟ್ಟ ಗಣಿತದ ಮಾದರಿ, ಸುಮಾರು ಎರಡು ಶತಮಾನದ ನಂತರ ಕೊಪರ್ನಿಕಸ್ ಬಳಸಿದ ಮಾದರಿಯ ತದ್ರೂಪು. ಅಂದರೆ ವಿಜ್ಞಾನದ ಚರಿತ್ರೆಯಲ್ಲಿ ಅಷ್ಟು ದೊಡ್ಡ ಹೆಸರಾದವರ ಸಂಬಳದ ಕೆಲಸ ನಮಾಜಿನ ಹೊತ್ತು ಹೇಳುವುದಾಗಿತ್ತು.

ಇನ್ನು ಇಪ್ಪತ್ತು ವರ್ಷ ಬಿಟ್ಟು, 1391ರಲ್ಲಿ, ಇಂಗ್ಲಿಷ್ ಕವಿ ಜೆಫ್ರಿ ಚಾಸರ್ ಇದೇ ಯಂತ್ರದ ಬಗ್ಗೆ ಒಂದು ಪುಸ್ತಕ ಬರೆಯಲು ಕೂತ. ಯಾರಿಗಾಗಿ ಗೊತ್ತಾ? ಹತ್ತು ವರ್ಷದ ಮಗ ಲೂಯಿಸ್‌ಗಾಗಿ. ಹುಡುಗನಿಗೆ ಲ್ಯಾಟಿನ್ ಇನ್ನೂ ಅಷ್ಟಾಗಿ ಬರುವುದಿಲ್ಲ ಅಂತ ಮನೆಮಾತಿನಲ್ಲೇ ಬರೆದ. ಇಂಗ್ಲಿಷಿನ ಅತಿ ಹಳೆಯ ತಾಂತ್ರಿಕ ಕೈಪಿಡಿಗಳಲ್ಲಿ ಇದೂ ಒಂದು. ಮಕ್ಕಳಿಗೆ ವಿಜ್ಞಾನವನ್ನು ಅವರ ನುಡಿಯಲ್ಲೇ ಹೇಳಬೇಕು ಅನ್ನುವ ವಾದ ಎಷ್ಟು ಹಳೆಯದು ನೋಡಿ.

ಇದು ಗಂಡಸರದ್ದೇ ಕೆಲಸವೂ ಆಗಿರಲಿಲ್ಲ. ಹತ್ತನೇ ಶತಮಾನದಲ್ಲಿ ಸಿರಿಯಾದ ಅಲೆಪ್ಪೊದಲ್ಲಿ ದೊರೆ ಸೈಫ್ ಅಲ್-ದೌಲಾನ ಆಸ್ಥಾನಕ್ಕೆ ಈ ಯಂತ್ರ ಮಾಡಿಕೊಡುತ್ತಿದ್ದವರಲ್ಲಿ ಅಲ್-ಇಜ್ಲಿಯ್ಯಾ ಎಂಬ ಮಹಿಳೆಯೂ ಇದ್ದರು. ಅಪ್ಪನೂ ಅದೇ ಕಸುಬಿನವರು. ನಮ್ಮಲ್ಲಿ ಮೊಘಲರ ಕಾಲದಲ್ಲಿ ಲಾಹೋರಿನ ಉಸ್ತಾದ್ ಅಲ್ಲಾಹದಾದ್ ಮನೆತನ ನಾಲ್ಕು ತಲೆಮಾರು ಇದೇ ಕಸುಬು ಮಾಡಿತು. ಇವತ್ತು ಜಗತ್ತಿನ ದೊಡ್ಡ ದೊಡ್ಡ ಸಂಗ್ರಹಾಲಯಗಳಲ್ಲಿ ಅವರ ಕೈಕೆಲಸ ಇದೆ.

ಮತಗಳ ಗೋಡೆ ಈ ಯಂತ್ರಕ್ಕೆ ಅಡ್ಡ ಬರಲಿಲ್ಲವೇ? ಆಗಾಗ ಬಂತು. ಹನ್ನೊಂದನೇ ಶತಮಾನದ ವಿದ್ವಾಂಸ ಅಲ್-ಬಿರೂನಿ ಒಂದು ಪ್ರಸಂಗ ಬರೆದಿದ್ದಾರೆ. ನಮಾಜಿನ ಹೊತ್ತು ತಿಳಿಯುವ ಒಂದು ಸಾಧನದಲ್ಲಿ ರೋಮನರ ತಿಂಗಳ ಲೆಕ್ಕ ಇದೆ ಅಂತ ಒಬ್ಬ ಧರ್ಮಭೀರು ಅದನ್ನು ಮುಟ್ಟಲೇ ಒಪ್ಪಲಿಲ್ಲವಂತೆ. ರೋಮನರು ಊಟವನ್ನೂ ಮಾಡುತ್ತಾರಲ್ಲ, ಹಾಗಾದರೆ ಊಟವನ್ನೂ ಬಿಟ್ಟುಬಿಡಿ ಅನ್ನುವ ಧಾಟಿಯಲ್ಲಿ ಬಿರೂನಿ ಉತ್ತರ ಕೊಟ್ಟರು.

ಇಟಲಿಯ ವೆರೋನಾ ನಗರದ ಒಂದು ಸಂಗ್ರಹಾಲಯದಲ್ಲಿದ್ದ ಯಂತ್ರದ ಕಥೆ ಇನ್ನೂ ಸೊಗಸು. 2023ರಲ್ಲಿ ಇತಿಹಾಸಕಾರ್ತಿ ಫೆದೆರಿಕಾ ಜಿಗಾಂತೆ ಅದರ ಫೋಟೊ ನೋಡಿ, ಹೋಗಿ ಪರೀಕ್ಷಿಸಿದರು. ಹನ್ನೊಂದನೇ ಶತಮಾನದಲ್ಲಿ, ಮುಸ್ಲಿಮರ ಆಳ್ವಿಕೆಯ ಸ್ಪೇನ್‌ನಲ್ಲಿ ಮಾಡಿದ್ದು. ನಮಾಜಿನ ಹೊತ್ತಿನ ಗೆರೆಗಳು ಅರಬ್ಬಿಯಲ್ಲಿವೆ. ಅದರ ಪಕ್ಕದಲ್ಲೇ ಯಾರೋ ಹೀಬ್ರೂ ಲಿಪಿಯಲ್ಲಿ ಹೆಸರುಗಳನ್ನು ಗೀಚಿದ್ದಾರೆ. ಆಮೇಲೆ ಇನ್ಯಾರೋ ಯುರೋಪಿನ ಅಂಕಿಗಳಲ್ಲಿ ತಿದ್ದುಪಡಿ ಹಾಕಿದ್ದಾರೆ. ಮುಸ್ಲಿಮರಿಂದ ಯಹೂದಿಗಳಿಗೆ, ಅವರಿಂದ ಕ್ರೈಸ್ತರಿಗೆ ಕೈ ಬದಲಾದ ಗುರುತು ಹಿತ್ತಾಳೆಯ ಮೇಲೇ ಉಳಿದಿದೆ. ಭಾರತದಲ್ಲೂ ಇದೇ ಕಥೆ. ಅರಬ್ಬಿ ಅಕ್ಷರದ ಯಂತ್ರದ ಮೇಲೆ ನಾಗರಿ ಲಿಪಿಯಲ್ಲಿ ನಕ್ಷತ್ರಗಳ ಸಂಸ್ಕೃತ ಹೆಸರು ಕೊರೆಸಿಕೊಂಡು ಬಳಸಿದವರಿದ್ದಾರೆ. ಭಾರತದ ಇಂಥ ಯಂತ್ರಗಳನ್ನು ಹುಡುಕಿ ಪಟ್ಟಿ ಮಾಡಿದವರು ಇತಿಹಾಸಕಾರ ಶ್ರೀರಾಮುಲ ರಾಜೇಶ್ವರ ಶರ್ಮ.

ಒಂದು ಕೈಯಲ್ಲಿ ಅಶ್ವಮೇಧ, ಇನ್ನೊಂದರಲ್ಲಿ ದುರ್ಬೀನು

ಯಂತ್ರರಾಜ ಅತಿ ದೊಡ್ಡದಾಗಿ ಬೆಳೆದದ್ದು ಜೈಪುರದಲ್ಲಿ. ಸವಾಯಿ ಜಯಸಿಂಗ್ ಕಟ್ಟಿಸಿದ ಜಂತರ್ ಮಂತರ್‌ನಲ್ಲಿ ಎರಡು ಮೀಟರಿಗೂ ಹೆಚ್ಚು ಅಗಲದ ಯಂತ್ರರಾಜ ತೂಗಾಡುತ್ತಿದೆ. ಪಕ್ಕದಲ್ಲೇ ಸುಮಾರು 27 ಮೀಟರ್ ಎತ್ತರದ ಸಮ್ರಾಟ್ ಯಂತ್ರ. ಅದರ ನೆರಳು ಸೆಕೆಂಡಿಗೆ ಸುಮಾರು ಒಂದು ಮಿಲಿಮೀಟರ್ ಸರಿಯುತ್ತದೆ, ನಿಂತು ನೋಡಿದರೆ ಕಾಲ ಹರಿಯುವುದು ಕಣ್ಣಿಗೇ ಕಾಣುತ್ತದೆ.

ಜಯಸಿಂಗ್ ಅಶ್ವಮೇಧ ಯಾಗ ಮಾಡಿಸಿದ ರಾಜ. ಅದೇ ರಾಜ ಪೋರ್ಚುಗಲ್‌ಗೆ ನಿಯೋಗ ಕಳಿಸಿ ಯುರೋಪಿನ ಹೊಸ ಕೋಷ್ಟಕಗಳನ್ನು ತರಿಸಿದ, ಫ್ರಾನ್ಸಿನ ಲಾ ಹೀರ್ ಎಂಬ ಖಗೋಳಜ್ಞನ ಕೋಷ್ಟಕದಲ್ಲಿ ಚಂದ್ರನ ಸ್ಥಾನ ಅರ್ಧ ಡಿಗ್ರಿ ತಪ್ಪಿದೆ ಅಂತ ತನ್ನ ಆಕಾಶ ವೀಕ್ಷಣೆಯಿಂದ ಕಂಡುಕೊಂಡ. ಯಾಗಕ್ಕೆ ಮುಹೂರ್ತ ಬೇಕು, ಮುಹೂರ್ತಕ್ಕೆ ಚಂದ್ರ ಎಲ್ಲಿದ್ದಾನೆ ಅಂತ ಸರಿಯಾಗಿ ಗೊತ್ತಿರಬೇಕು. ಶ್ರದ್ಧೆ ಹೆಚ್ಚಾದಷ್ಟೂ ಅಳತೆ ಬಿಗಿಯಾಗಬೇಕು ಅನ್ನುವುದು ಅವನ ತರ್ಕ.

ಇವತ್ತಿಗೂ ಆಷಾಢ ಹುಣ್ಣಿಮೆಯ ಸಂಜೆ ಜೈಪುರದ ಪಂಡಿತರು ಸಮ್ರಾಟ್ ಯಂತ್ರದ ತುದಿ ಹತ್ತಿ, ಬಾವುಟ ಹಿಡಿದು ಗಾಳಿ ಯಾವ ಕಡೆ ಬೀಸುತ್ತಿದೆ ನೋಡಿ ಮಳೆಯ ಭವಿಷ್ಯ ಹೇಳುತ್ತಾರೆ. ಹವಾಮಾನ ಇಲಾಖೆಯ ಉಪಗ್ರಹ ಚಿತ್ರಗಳ ಕಾಲದಲ್ಲಿ ಆ ಭವಿಷ್ಯವನ್ನು ಎಷ್ಟು ನಂಬಬೇಕು ಅನ್ನೋದು ಬೇರೆ ಮಾತು. ಆದರೆ ವರ್ಷಕ್ಕೊಂದು ದಿನವಾದರೂ ಅವರು ತಲೆಯೆತ್ತಿ ಆಕಾಶ ನೋಡುತ್ತಾರೆ. ನಾವು?

ನೋಡದೇ ಇದ್ದರೆ ಏನಾಗುತ್ತದೆ

ಏನಾಗುತ್ತದೆ ಅನ್ನುವುದಕ್ಕೆ ಉದಾಹರಣೆ ನಮ್ಮ ಸಂಕ್ರಾಂತಿಯಲ್ಲೇ ಇದೆ. ಎಳ್ಳು ಬೆಲ್ಲ ಹಂಚುತ್ತಾ 'ಇವತ್ತಿಂದ ಉತ್ತರಾಯಣ' ಅನ್ನುತ್ತೇವೆ. ಸೂರ್ಯ ನಿಜವಾಗಿ ಉತ್ತರಕ್ಕೆ ತಿರುಗುವುದು ಡಿಸೆಂಬರ್ 21 ಅಥವಾ 22ಕ್ಕೆ. ಮಕರ ಸಂಕ್ರಾಂತಿ ಬರುವುದು ಜನವರಿ 14 ಅಥವಾ 15ಕ್ಕೆ. ಸುಮಾರು 24 ದಿನ ವ್ಯತ್ಯಾಸ.

ಕಾರಣ ಭೂಮಿಯ ಅಕ್ಷ. ಸುತ್ತುವ ಬುಗುರಿಯ ತಲೆ ವಾಲಾಡುವ ಹಾಗೆ ಅದು ಸುಮಾರು 26,000 ವರ್ಷಕ್ಕೊಂದು ಸುತ್ತು ವಾಲಾಡುತ್ತದೆ. ಅದರಿಂದಾಗಿ ಋತುಗಳಿಗೂ ನಕ್ಷತ್ರಗಳಿಗೂ ನಡುವೆ 72 ವರ್ಷಕ್ಕೆ ಸುಮಾರು ಒಂದು ದಿನದ ಅಂತರ ಬೆಳೆಯುತ್ತಾ ಹೋಗುತ್ತದೆ. ಸುಮಾರು 1700 ವರ್ಷಗಳ ಹಿಂದೆ ಉತ್ತರಾಯಣವೂ ಮಕರ ಸಂಕ್ರಾಂತಿಯೂ ಒಟ್ಟಿಗೇ ಇದ್ದವು. ಈ ಅಂತರಕ್ಕೇ ಅಯನಾಂಶ ಅಂತ ಹೆಸರು, ಈಗ ಸುಮಾರು 24 ಡಿಗ್ರಿ. ಮಹೇಂದ್ರ ಸೂರಿಗಳ ಕಾಲದ ಜಾಲರಿಯನ್ನು ಇವತ್ತು ಬಳಸಿದರೆ ನಕ್ಷತ್ರಗಳು ಸುಮಾರು ಒಂಬತ್ತು ಡಿಗ್ರಿ ಸರಿದಿರುತ್ತವೆ. ಹಳೆಯ ಯಂತ್ರದ ವಯಸ್ಸು ಹೇಳುವುದಕ್ಕೆ ತಜ್ಞರಿಗೆ ಇದೇ ಒಂದು ಸುಳಿವು.

ಬೆಂಗಳೂರಿನ ಗವಿ ಗಂಗಾಧರೇಶ್ವರ ದೇವಸ್ಥಾನದಲ್ಲಿ ಸಂಕ್ರಾಂತಿಯ ಸಂಜೆ ನಂದಿಯ ಕೊಂಬಿನ ನಡುವಿನಿಂದ ಸೂರ್ಯನ ಕಿರಣ ಲಿಂಗದ ಮೇಲೆ ಬೀಳುವುದನ್ನು ಟಿವಿಯಲ್ಲಾದರೂ ನೋಡಿರುತ್ತೀರಿ. ಸೂರ್ಯ ದಕ್ಷಿಣಕ್ಕೆ ಹೋಗುವಾಗಲೂ ಅದೇ ಜಾಗ ದಾಟಿಯೇ ಹೋಗಬೇಕಲ್ಲ? ಹಾಗಾಗಿ ನವೆಂಬರ್ ಕೊನೆಯ ಹೊತ್ತಿಗೂ ಅಂಥದ್ದೇ ಬೆಳಕು ಅಲ್ಲಿ ಬೀಳುತ್ತದೆ. ಆ ದಿನ ನೂಕುನುಗ್ಗಲಿಲ್ಲ, ಕ್ಯಾಮೆರಾ ಇಲ್ಲ. ಇದರಿಂದ ಹಬ್ಬ ಸಣ್ಣದಾಗುವುದಿಲ್ಲ. ಕಟ್ಟಡವೂ ಒಂದು ಬೆಳಕಿನ ಯಂತ್ರವೇ ಅಂತ ಅರ್ಥವಾಗುತ್ತದೆ.

ಪಂಚಾಂಗವನ್ನು ಮತ್ತೆ ಆಕಾಶಕ್ಕೆ ಕಟ್ಟಿಹಾಕಲು ಹೆಣಗಿದವರಲ್ಲಿ ನಮ್ಮ ಕಡೆಯವರೊಬ್ಬರಿದ್ದಾರೆ. 1854ರಲ್ಲಿ ನರಗುಂದದಲ್ಲಿ ಹುಟ್ಟಿ, ಬಾಗಲಕೋಟೆಯಲ್ಲಿ ಶಾಲಾ ಶಿಕ್ಷಕರಾಗಿದ್ದ ವೆಂಕಟೇಶ ಬಾಪೂಜಿ ಕೇತಕರ. ಹಳೆಯ ಸೂತ್ರಗಳಿಂದ ಲೆಕ್ಕ ಹಾಕಿದ ಗ್ರಹಣ, ಗ್ರಹಸ್ಥಾನಗಳು ಕಣ್ಣಿಗೆ ಕಾಣುವುದಕ್ಕೆ ತಾಳೆಯಾಗುತ್ತಿರಲಿಲ್ಲ. ಕೇತಕರರು ಆಧುನಿಕ ಖಗೋಳದ ಅಂಕಿಗಳನ್ನು ತೆಗೆದುಕೊಂಡು, 'ಜ್ಯೋತಿರ್ಗಣಿತಂ' ಮುಂತಾದ ಸಂಸ್ಕೃತ ಗ್ರಂಥಗಳನ್ನು ಬರೆದು, ಪಂಚಾಂಗ ಮಾಡುವವರ ಕೈಗೆ ಅವರದೇ ಭಾಷೆಯಲ್ಲಿ ಹೊಸ ಲೆಕ್ಕ ಕೊಟ್ಟರು. ಕಣ್ಣಿಗೆ ಕಂಡದ್ದಕ್ಕೆ ತಾಳೆಯಾಗಬೇಕು ಅನ್ನುವ ಈ ಪದ್ಧತಿಗೇ ದೃಕ್ ಗಣಿತ ಅನ್ನುವುದು.

ರಾಶಿಗಳ ಲೆಕ್ಕ ಎಲ್ಲಿಂದ ಶುರು ಅನ್ನುವುದರ ಮೇಲೂ ಆಗ ದೊಡ್ಡ ಜಗಳವಿತ್ತು. ಕೇತಕರರು ಚಿತ್ರಾ ನಕ್ಷತ್ರದ ಪಕ್ಷ ಹಿಡಿದರು. ಚಿತ್ರಾ ಎಲ್ಲಿದೆಯೋ ಅದು 180ನೇ ಡಿಗ್ರಿ, ಅದಕ್ಕೆ ನೇರ ಎದುರಿನದ್ದು ಮೇಷದ ಆರಂಭ. ಸ್ವಾತಂತ್ರ್ಯಾನಂತರ ಮೇಘನಾದ ಸಾಹಾ ಅವರ ಅಧ್ಯಕ್ಷತೆಯ ಪಂಚಾಂಗ ಸುಧಾರಣಾ ಸಮಿತಿ 1955ರಲ್ಲಿ ವರದಿ ಕೊಟ್ಟಾಗ ಹೆಚ್ಚುಕಡಿಮೆ ಇದನ್ನೇ ಒಪ್ಪಿಕೊಂಡಿತು. ಸಮಿತಿಯ ಕಾರ್ಯದರ್ಶಿ ನಿರ್ಮಲಚಂದ್ರ ಲಾಹಿರಿ ಅವರ ಹೆಸರಿನಲ್ಲೇ ಅದು ಈಗ ಪ್ರಸಿದ್ಧ. ನಿಮ್ಮ ಫೋನಿನ ಪಂಚಾಂಗ ಆ್ಯಪ್‌ನ ಸೆಟ್ಟಿಂಗ್ಸ್‌ಗೆ ಹೋಗಿ ನೋಡಿ, 'ಲಾಹಿರಿ ಅಯನಾಂಶ' ಅಥವಾ 'ಚಿತ್ರಾಪಕ್ಷ' ಅಂತ ಇರುತ್ತದೆ. ಅಂದರೆ ಇವತ್ತು ನೀವು ಬೆರಳಲ್ಲಿ ಒತ್ತಿ ತಿಳಿದುಕೊಳ್ಳುವ ಲಗ್ನ, ನಕ್ಷತ್ರ, ಸಂಕ್ರಮಣ ಎಲ್ಲವೂ ಈಗಲೂ ಒಂದು ನಕ್ಷತ್ರಕ್ಕೆ ನೇತುಬಿದ್ದಿವೆ.

ಊರು ಬದಲಾದರೆ ತಟ್ಟೆ ಬದಲಿಸಿ

ಈಗ ಆ ತಟ್ಟೆಯ ಮಾತಿಗೆ ಬರೋಣ. ಆ್ಯಪ್‌ನಲ್ಲಿ ತಟ್ಟೆ ಕಣ್ಣಿಗೆ ಕಾಣುವುದಿಲ್ಲ, ಅದು 'ಲೊಕೇಶನ್' ಅನ್ನುವ ಮೂಲೆಯಲ್ಲಿ ಅಡಗಿ ಕೂತಿದೆ. ತೊಂದರೆ ಶುರುವಾಗೋದೇ ಅಲ್ಲಿ.

ಮಗಳು ಅಳಿಯ ನ್ಯೂಜೆರ್ಸಿಯಲ್ಲಿ ಮನೆ ಕೊಂಡಿದ್ದಾರೆ, ಗೃಹಪ್ರವೇಶ. ಮೈಸೂರಿನಲ್ಲಿರುವ ಅಮ್ಮ ಮನೆಯ ಒಂಟಿಕೊಪ್ಪಲ್ ಪಂಚಾಂಗ ನೋಡಿ 'ಬೆಳಿಗ್ಗೆ 7ರಿಂದ 8.30 ವೃಷಭ ಲಗ್ನ' ಅಂತ ವಾಟ್ಸ್‌ಆ್ಯಪ್ ಮಾಡುತ್ತಾರೆ. ಅವರು ಅಲ್ಲಿನ ಗಡಿಯಾರದಲ್ಲಿ 7ಕ್ಕೆ ಹಾಲು ಉಕ್ಕಿಸುತ್ತಾರೆ. ಇದು ಎಷ್ಟೋ ಮನೆಗಳಲ್ಲಿ ನಡೆಯುವಂಥದ್ದು. ಆದರೆ ಆ ಹೊತ್ತಿಗೆ ನ್ಯೂಜೆರ್ಸಿಯ ಪೂರ್ವದಲ್ಲಿ ವೃಷಭ ಇರಲೇಬೇಕು ಅಂತೇನಿಲ್ಲ. ಬೆಂಗಳೂರು-ಮೈಸೂರಿನ ಅಕ್ಷಾಂಶದಲ್ಲಿ ಒಂದು ಲಗ್ನ ಸುಮಾರು ಒಂದು ಗಂಟೆ ನಲವತ್ತು ನಿಮಿಷದಿಂದ ಎರಡು ಗಂಟೆ ಹತ್ತು ನಿಮಿಷದವರೆಗೆ ಇರುತ್ತದೆ. 40 ಡಿಗ್ರಿ ಉತ್ತರದ ನ್ಯೂಜೆರ್ಸಿಯಲ್ಲಿ ಕೆಲವು ಲಗ್ನ ಒಂದೂಕಾಲು ಗಂಟೆಯೊಳಗೇ ಮುಗಿದರೆ, ಕೆಲವು ಎರಡೂವರೆ ಗಂಟೆ ಎಳೆಯುತ್ತವೆ. ತಟ್ಟೆಯೇ ಬೇರೆ.

ಅಷ್ಟು ದೂರ ಯಾಕೆ, ನಮ್ಮ ರಾಜ್ಯದಲ್ಲೇ ನೋಡಿ. ಮಂಗಳೂರು ಬೆಂಗಳೂರಿಗಿಂತ ಪಶ್ಚಿಮಕ್ಕಿರುವುದರಿಂದ ಅಲ್ಲಿ ಆಕಾಶ ಸುಮಾರು 11 ನಿಮಿಷ ಹಿಂದಿರುತ್ತದೆ. ಗೋಡೆಯ ಗಡಿಯಾರ ಎರಡೂ ಕಡೆ ಒಂದೇ ತೋರಿಸುತ್ತದೆ, ಆಕಾಶ ತೋರಿಸುವುದಿಲ್ಲ. ಲಗ್ನದ ಕೊನೆಯ ಐದು ನಿಮಿಷದಲ್ಲಿ ಧಾರೆ ಎರೆಯುವ ಗಡಿಬಿಡಿ ಇದ್ದಾಗ ಈ 11 ನಿಮಿಷ ಲೆಕ್ಕಕ್ಕೆ ಬರುತ್ತದೆ.

ಮುಹೂರ್ತವನ್ನು ನಂಬಬೇಕೋ ಬೇಡವೋ ಅದು ಅವರವರ ಮನೆಯ ವಿಚಾರ. ಗಳಿಗೆ ಒಳ್ಳೆಯದಾದರೆ ಬಾಳು ಒಳ್ಳೆಯದಾಗುತ್ತದೆ ಅನ್ನುವುದಕ್ಕೆ ಯಂತ್ರರಾಜ ಪುರಾವೆ ಕೊಡುವುದಿಲ್ಲ, ಅದು ಕೊಡುವುದು ಹೊತ್ತು ಮಾತ್ರ. ಆದರೆ ನಂಬುವುದಾದರೆ ಅಳತೆಯಾದರೂ ಸರಿ ಇರಲಿ. ನಿಮ್ಮ ಆ್ಯಪ್‌ನಲ್ಲಿ ಸಮಾರಂಭ ನಡೆಯುವ ಊರನ್ನೇ ಹಾಕಿ. ಬೀಗರ ಕಡೆಯ ಆ್ಯಪ್ ಬೇರೆ ಹೊತ್ತು ತೋರಿಸಿದರೆ ಜಗಳಕ್ಕೆ ಮುಂಚೆ ಊರು, ಅಯನಾಂಶ ಎರಡೂ ಒಂದೇ ಇದೆಯಾ ನೋಡಿ. ಎಷ್ಟೋ ವ್ಯತ್ಯಾಸ ಅಲ್ಲಿಗೇ ಮುಗಿಯುತ್ತದೆ.

ಪೀಣ್ಯದಿಂದ ಬಾಹ್ಯಾಕಾಶಕ್ಕೆ

ನಕ್ಷತ್ರ ಹಿಡಿಯುವ ಯಂತ್ರ ಸತ್ತುಹೋಯಿತು ಅಂದುಕೊಳ್ಳಬೇಡಿ, ಅದು ಮೇಲೆ ಹೋಗಿದೆ. ಬಾಹ್ಯಾಕಾಶದಲ್ಲಿ ಉಪಗ್ರಹಕ್ಕೆ ತಾನು ಯಾವ ಕಡೆ ಮುಖ ಮಾಡಿದ್ದೇನೆ ಅಂತ ಹೇಗೆ ಗೊತ್ತಾಗಬೇಕು? ಅಲ್ಲಿ ಮೇಲು-ಕೆಳಗು ಇಲ್ಲ. ಅದಕ್ಕೆ 'ಸ್ಟಾರ್ ಸೆನ್ಸರ್' ಎಂಬ ಪುಟ್ಟ ಕ್ಯಾಮೆರಾ ಇರುತ್ತದೆ. ಅದು ಎದುರಿನ ನಕ್ಷತ್ರಗಳ ಫೋಟೊ ತೆಗೆದು, ತನ್ನಲ್ಲಿರುವ ನಕ್ಷತ್ರಪಟ್ಟಿಗೆ ಹೋಲಿಸಿ, ದಿಕ್ಕನ್ನು ಲೆಕ್ಕ ಹಾಕುತ್ತದೆ. ಇಸ್ರೋದ ಉಪಗ್ರಹಗಳಿಗೆ ಇಂಥ ಸೆನ್ಸರ್‌ಗಳನ್ನು ರೂಪಿಸುವುದು ಬೆಂಗಳೂರಿನ ಪೀಣ್ಯದಲ್ಲಿರುವ ಇಸ್ರೋ ಪ್ರಯೋಗಾಲಯ ಲಿಯೋಸ್. ನಕ್ಷತ್ರ ನೋಡು, ಪಟ್ಟಿಯಲ್ಲಿ ಹುಡುಕು, ನಿನ್ನ ಸ್ಥಿತಿ ತಿಳಿದುಕೋ. ಮಹೇಂದ್ರ ಸೂರಿಗಳ 32 ನಕ್ಷತ್ರದ ಪಟ್ಟಿ ಈಗ ಸಾವಿರಾರು ನಕ್ಷತ್ರದ ಪಟ್ಟಿಯಾಗಿದೆ, ವಿಧಾನ ಅದೇ.

ಉಡಾವಣೆಗೆ ಮುಂಚೆ ಇಸ್ರೋ ಮುಖ್ಯಸ್ಥರು ರಾಕೆಟ್ಟಿನ ಪುಟ್ಟ ಮಾದರಿ ಹಿಡಿದು ತಿರುಪತಿಗೆ ಹೋದರೆ ಪ್ರತಿ ಸಲ ಚರ್ಚೆಯಾಗುತ್ತದೆ, ಪರ ವಿರೋಧ ಎರಡೂ. ಡಮಾಸ್ಕಸ್ಸಿನ ಆ ಕಾಲಪಾಲಕನಿಗೂ ಜೈಪುರದ ಆ ರಾಜನಿಗೂ ಈ ಚರ್ಚೆ ಕೇಳಿಸಿದ್ದರೆ ಆಶ್ಚರ್ಯವಾಗುತ್ತಿತ್ತೋ ಏನೋ. ಅವರು ಪೂಜೆ ಮಾಡುತ್ತಿದ್ದರು ಸರಿ, ಆದರೆ ಅಳತೆಯನ್ನು ಪೂಜೆಗೆ ಬಿಡುತ್ತಿರಲಿಲ್ಲ. ರಾತ್ರಿ ಎದ್ದು ನೋಡುತ್ತಿದ್ದರು.

ಮನೆಯಲ್ಲೇ ಮಾಡಿ ನೋಡಿ

ಯಂತ್ರರಾಜನ ಬೆನ್ನಿನ ಭಾಗವನ್ನು ಮನೆಯಲ್ಲೇ ಹತ್ತು ನಿಮಿಷದಲ್ಲಿ ಮಾಡಬಹುದು. ಮಕ್ಕಳ ಜಾಮೆಟ್ರಿ ಬಾಕ್ಸ್‌ನ ಕೋನಮಾಪಕ, ಎಳನೀರಿನ ಸ್ಟ್ರಾ, ಒಂದಿಷ್ಟು ದಾರ, ಒಂದು ನಟ್ಟು ಸಾಕು. ಕೋನಮಾಪಕದ ನೇರ ಅಂಚಿಗೆ ಸ್ಟ್ರಾ ಅಂಟಿಸಿ. ನಡುವಿನ ಬಿಂದುವಿನಿಂದ ದಾರ ಕಟ್ಟಿ, ತುದಿಗೆ ನಟ್ಟು ತೂಗುಬಿಡಿ. ನೇರ ಅಂಚು ಮೇಲೆ ಬರುವಂತೆ ಹಿಡಿದು ಸ್ಟ್ರಾ ಮೂಲಕ ನಕ್ಷತ್ರ ನೋಡಿ. ದಾರ ಯಾವ ಅಂಕಿಯ ಮೇಲೆ ನಿಂತಿದೆಯೋ ಅದಕ್ಕೂ 90ಕ್ಕೂ ಇರುವ ವ್ಯತ್ಯಾಸವೇ ನಕ್ಷತ್ರದ ಎತ್ತರ. ಇದನ್ನು ರಾತ್ರಿ ಮಾತ್ರ ಮಾಡಿ, ಸೂರ್ಯನ ಕಡೆ ಯಾವತ್ತೂ ಹಿಡಿಯಬೇಡಿ.

ಏಪ್ರಿಲ್-ಮೇ ತಿಂಗಳ ಸಂಜೆ ಉತ್ತರದಲ್ಲಿ ಸಪ್ತರ್ಷಿ ಮಂಡಲ ಚೆನ್ನಾಗಿ ಕಾಣುತ್ತದೆ. ಅದರ ಮುಂದಿನ ಎರಡು ನಕ್ಷತ್ರ ತೋರಿಸುವ ದಾರಿ ಹಿಡಿದು ಹೋದರೆ ಧ್ರುವ ನಕ್ಷತ್ರ. ಅದರ ಎತ್ತರ ಅಳೆದರೆ ಸಿಗುವುದು ಹೆಚ್ಚುಕಡಿಮೆ ನಿಮ್ಮ ಊರಿನ ಅಕ್ಷಾಂಶ. ಬೆಂಗಳೂರಿನವರಿಗೆ ಸುಮಾರು 13 ಡಿಗ್ರಿ, ಹುಬ್ಬಳ್ಳಿಯವರಿಗೆ 15ಕ್ಕಿಂತ ಸ್ವಲ್ಪ ಹೆಚ್ಚು, ಬೀದರಿನವರಿಗೆ ಸುಮಾರು 18. ಬೆಂಗಳೂರಿನಲ್ಲಿ ಅಪಾರ್ಟ್‌ಮೆಂಟುಗಳ ನಡುವೆ ಅಷ್ಟು ಕೆಳಗಿನ ನಕ್ಷತ್ರ ಸಿಗೋದು ಕಷ್ಟ, ರಜೆಗೆ ಊರಿಗೆ ಹೋದಾಗ ಅಜ್ಜಿ ಮನೆಯ ತಾರಸಿಯಿಂದ ಪ್ರಯತ್ನಿಸಿ. ಲಂಡನ್ನಿನಲ್ಲಿರುವ ಚಿಕ್ಕಪ್ಪನಿಗೂ ಅಳೆಯಲು ಹೇಳಿ, ಅವರಿಗೆ 51ರ ಮೇಲೆ ಬರಬೇಕು. ಎರಡೂ ಅಂಕಿ ಪಕ್ಕಪಕ್ಕ ಇಟ್ಟರೆ ತಟ್ಟೆ ಯಾಕೆ ಬದಲಿಸಬೇಕು ಅನ್ನುವುದು ಮಕ್ಕಳಿಗೆ ಪಾಠ ಮಾಡದೇ ಅರ್ಥವಾಗುತ್ತದೆ.

ಇನ್ನೊಂದು ವಿನಂತಿ. ಹಳೆಯ ಮನೆ ಕೆಡವುವಾಗ, ಅಟ್ಟ ಖಾಲಿ ಮಾಡುವಾಗ, ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲೋ, ಗೆರೆ ಅಂಕಿ ಕೊರೆದ ಹಿತ್ತಾಳೆಯ ಬಿಲ್ಲೆಯೋ ಸಿಕ್ಕರೆ ತೂತು ಬಿದ್ದದ್ದು ಅಂತ ಗುಜರಿಗೆ ತೂಕಕ್ಕೆ ಹಾಕಬೇಡಿ. ಮನೆಯ ಹಿರಿಯರನ್ನು ಕೇಳಿ, ಅದನ್ನು ಯಾರು, ಯಾವಾಗ ಬಳಸುತ್ತಿದ್ದರು ಅಂತ ಬರೆದಿಟ್ಟುಕೊಳ್ಳಿ. ಹತ್ತಿರದ ವಸ್ತುಸಂಗ್ರಹಾಲಯಕ್ಕೆ ಒಂದು ಫೋಟೊ ಕಳಿಸಿ. ನಿಮ್ಮಲ್ಲಿ ಅಂಥದ್ದೇನಾದರೂ ಇದ್ದರೆ ಓದುಗರ ಅಂಕಣಕ್ಕೂ ಬರೆಯಿರಿ, ನೋಡಲು ನನಗಂತೂ ತುಂಬಾ ಆಸೆ.